ನಿಂತದ್ದು, ನಿಲ್ಲಿಸಿದ್ದು

ನಮ್ಮ ಮನೆಯ ಲ್ಯಾಪ್‌ಟಾಪಿನಲ್ಲಿ ಧಾರಾವಾಹಿ ನೋಡುವಾಗ ಅದು ಎಷ್ಟು ಸಲ ನಿಂತಿತು ಎಂಬುದನ್ನು ನಾನು ಬರೆದಿಡುತ್ತೇನೆ. ಇದನ್ನು ಮೊದಲೇ ಒಪ್ಪಿಕೊಂಡುಬಿಡುವುದು ಒಳ್ಳೆಯದು. ಆಮೇಲೆ ಬೇರೆ ಯಾರಿಂದಲೋ ಗೊತ್ತಾಗಿ ಇವಳಿಗೆ ಬೇರೆ ಕೆಲಸವಿಲ್ಲವೇ ಎಂದು ನೀವು ಕೇಳುವುದಕ್ಕಿಂತ ನಾನೇ ಹೇಳಿದರೆ ಮರ್ಯಾದೆ ಸ್ವಲ್ಪವಾದರೂ ಉಳಿಯುತ್ತದೆ. ಕೆಲಸ ಇದೆ. ಕುಮಟೆಯ ಒಂದು ರಕ್ತಪರೀಕ್ಷೆಯ ಲ್ಯಾಬಿನಲ್ಲಿ ದಿನವಿಡೀ ಸಣ್ಣ ಸಣ್ಣ ಸೀಸೆಗಳ ಮೇಲೆ ಹೆಸರು, ತಾರೀಕು, ನಂಬರು ಬರೆಯುತ್ತೇನೆ. ಒಂದು ನಂಬರು ತಪ್ಪಿದರೆ ಯಾರದೋ ಸಕ್ಕರೆ ಕಾಯಿಲೆ ಇನ್ನಾರಿಗೋ ಅಂಟಿಕೊಳ್ಳುತ್ತದೆ. ಹಾಗಾಗಿ ಬರೆದಿಡುವ ಚಟ ನನ್ನ ಹೊಟ್ಟೆಪಾಡಿನ ಭಾಗ. ಸಂಜೆ ಅದು ನನ್ನ ಜೊತೆಗೇ ಬಸ್ಸು ಹತ್ತಿ ನಮ್ಮೂರು ಕಾಗಾಲಕ್ಕೂ ಬರುತ್ತದೆ. ಬಸ್ಸು ತಡವಾದ ನಿಮಿಷಗಳು, ಹಿತ್ತಿಲ ಮಾವಿನಲ್ಲಿ ಮೊದಲ ಹೂವು ಕಂಡ ದಿನ, ಅಮ್ಮ ದಿನಕ್ಕೆ ಎಷ್ಟು ಸಲ ಕನ್ನಡಕ ಹುಡುಕುತ್ತಾಳೆ, ಎಲ್ಲವೂ ನನ್ನ ಡೈರಿಯಲ್ಲಿವೆ. ಕನ್ನಡಕದ ಸರಾಸರಿ ನಾಲ್ಕು. ಅಮ್ಮನಿಗೆ ಇದನ್ನು ಒಮ್ಮೆ ಓದಿ ಹೇಳಿದೆ. ಅವತ್ತಿನಿಂದ ಅವಳು ನನ್ನ ಡೈರಿಯನ್ನೂ ಹುಡುಕುತ್ತಾಳೆ.

ನಮ್ಮ ಟಿವಿ ಕಳೆದ ಮಳೆಗಾಲದ ಒಂದು ಸಿಡಿಲಿಗೆ ಸುಟ್ಟುಹೋಯಿತು. ಹೊಸದು ತರಬೇಕು ಎಂದು ಎಲ್ಲರೂ ಹೇಳುತ್ತಿರುವಾಗಲೇ ಅಮ್ಮ ಅದರ ಮುಂದಿನ ಕಟ್ಟೆಯ ಮೇಲೆ ಉಪ್ಪಿನಕಾಯಿಯ ಭರಣಿಗಳನ್ನು ಸಾಲಾಗಿ ಇಟ್ಟಳು. ಒಮ್ಮೆ ಭರಣಿ ಕೂತ ಜಾಗ ಮತ್ತೆ ತೆರವಾದ ಉದಾಹರಣೆ ನಮ್ಮ ಮನೆಯಲ್ಲಿಲ್ಲ. ಅಷ್ಟರಲ್ಲಿ ನಾನು ಭಟ್ಕಳದಿಂದ ಒಂದು ಹಳೆಯ ಲ್ಯಾಪ್‌ಟಾಪ್ ತಂದಿದ್ದೆ. ಲ್ಯಾಬಿನ ವರದಿಗಳನ್ನು ಮನೆಯಲ್ಲೂ ನೋಡಬಹುದು ಎಂಬುದು ನೆಪ. ಒಂದೇ ವಾರದಲ್ಲಿ ಅದು ಮನೆಯ ಟಿವಿಯಾಯಿತು. ವರದಿ ನೋಡಬೇಕಾದರೆ ಧಾರಾವಾಹಿ ಮುಗಿಯುವವರೆಗೆ ನಾನೇ ಕಾಯಬೇಕು.

ನಾವು ನೋಡುತ್ತಿದ್ದದ್ದು ಬ್ರೌಸರಿನಲ್ಲಿ. ನಿಮ್ಮಲ್ಲೂ ಹಲವರು ಹಾಗೇ ನೋಡುತ್ತಿರಬಹುದು. ನೀವು ಏನೇನು ಸಹಿಸುತ್ತಿದ್ದೀರಿ ಎಂಬುದು ನಿಮಗೆ ಗೊತ್ತಿರಲಿಕ್ಕಿಲ್ಲ, ನನಗೂ ಗೊತ್ತಿರಲಿಲ್ಲ. ಬರೆದಿಡಲು ತೊಡಗಿದ ಮೇಲೆಯೇ ತಿಳಿದದ್ದು. ಮೊದಲು ಬ್ರೌಸರು ತೆರೆಯಬೇಕು. ತೆರೆದೊಡನೆ ಅದು ನಿನ್ನೆ ನಾನು ಬಿಟ್ಟುಹೋದ ಹತ್ತಾರು ಟ್ಯಾಬುಗಳನ್ನೆಲ್ಲ ನೆನಪಿಟ್ಟುಕೊಂಡು ಹಾಜರುಪಡಿಸುತ್ತದೆ. ಬಸ್ಸಿನ ವೇಳಾಪಟ್ಟಿ, ಯೂರಿಕ್ ಆಮ್ಲದ ಬಗ್ಗೆ ಒಂದು ಲೇಖನ, ಅರ್ಧ ತುಂಬಿದ ಯಾವುದೋ ಅರ್ಜಿ. ಇವುಗಳ ಸಂದಿಯಲ್ಲಿ ಎಲ್ಲೋ ಧಾರಾವಾಹಿ ಇದೆ. ಸಿಕ್ಕಿದರೆ ಪಾಸ್‌ವರ್ಡ್ ಕೇಳುತ್ತದೆ. ಕೊಟ್ಟರೆ ಇದು ನೀವೇ ಹೌದೋ ಎಂದು ಕೇಳುತ್ತದೆ. ಹೌದು ಎಂದು ಒಪ್ಪಿಸಿದ ಮೇಲೆ ಚಿತ್ರ ಶುರುವಾಗುತ್ತದೆ, ನಿಲ್ಲುತ್ತದೆ, ನಡುವೆ ಒಂದು ಬಿಳಿ ಚಕ್ರ ತಿರುಗುತ್ತದೆ. ಆ ಚಕ್ರ ತಿರುಗುವುದನ್ನು ನೋಡಿ ಗಂಗತ್ತೆ ಒಮ್ಮೆ ಕೇಳಿದ್ದಳು, ಇದರ ಒಳಗೆ ಯಾರೋ ಅಕ್ಕಿ ಬೀಸ್ತಾ ಇದ್ದಾರೋ ಎಂತದು ಅಂತ.

ಗಂಗತ್ತೆ ಅಪ್ಪನ ಅಕ್ಕ, ನಮ್ಮ ಮನೆಯಲ್ಲೇ ಇರುವವಳು. ಅವಳ ಬಗ್ಗೆ ಮುಂದೆ ಬರುತ್ತದೆ. ಇಲ್ಲಿ ಒಂದು ದುರಂತವನ್ನು ದಾಖಲಿಸಿ ಮುಂದುವರಿಯುತ್ತೇನೆ. ಒಂದು ಬುಧವಾರ, ಎಂಟು ತಿಂಗಳು ಮುಂದೂಡುತ್ತ ಬಂದಿದ್ದ ಮದುವೆ ಧಾರಾವಾಹಿಯ ನೇರಪ್ರಸಾರದಲ್ಲಿ ಕೊನೆಗೂ ನಡೆಯುತ್ತಿತ್ತು. ತಾಳಿ ಕೈಗೆ ಬಂದಿತ್ತು. ಆಗ ಮೂಲೆಯಲ್ಲಿ ಲ್ಯಾಬಿನ ಮೇಲ್ ಬಂತೆಂದು ಒಂದು ಚೌಕ ಎದ್ದಿತು. ಅದನ್ನು ಮುಚ್ಚಲು ಹೋಗಿ ನಾನು ಮದುವೆಯನ್ನೇ ಮುಚ್ಚಿದೆ. ಮತ್ತೆ ತೆರೆದು, ಪಾಸ್‌ವರ್ಡ್ ಕೊಟ್ಟು, ನಾನು ನಾನೇ ಎಂದು ಒಪ್ಪಿಸಿ, ಬೋರ್‌ವೆಲ್ಲಿನ ಜಾಹೀರಾತು ನೋಡಿ ಮುಗಿಸುವಷ್ಟರಲ್ಲಿ ವಧೂವರರು ಊಟಕ್ಕೆ ಕೂತಿದ್ದರು. ಅಮ್ಮ ನನ್ನ ಜೊತೆ ಒಂದೂವರೆ ದಿನ ಮಾತಾಡಲಿಲ್ಲ. ಡೈರಿಯಲ್ಲಿ ಇದೆ.

ಇಂಗ್ಲಿಷಿನಲ್ಲಿ ಬ್ರೌಸ್ ಎಂಬ ಪದಕ್ಕೆ ಆಡು ಮೇಕೆಗಳು ಬೇಲಿಯುದ್ದಕ್ಕೂ ಚಿಗುರು ಕಡಿಯುತ್ತ ಹೋಗುವುದು ಎಂಬ ಅರ್ಥವೂ ಇದೆಯಂತೆ. ನಿಘಂಟಿನಲ್ಲಿ ಇದನ್ನು ಕಂಡಾಗ ನನಗೆ ಬಹಳ ಸಮಾಧಾನವಾಯಿತು. ಆಡಿನ ಮೇಲೆ ಸಿಟ್ಟು ಮಾಡಿ ಫಲವಿಲ್ಲ. ಅಲ್ಲೊಂದು ಎಲೆ ಇಲ್ಲೊಂದು ಎಲೆ ಕಡಿಯುವುದು ಅದರ ಧರ್ಮ. ಅದನ್ನು ಒಂದೇ ಕಡೆ ಕಟ್ಟಿ ಮದುವೆ ನೋಡು ಎಂದರೆ ಹೇಗೆ?

ಲ್ಯಾಪ್‌ಟಾಪಿನ ಚಾರ್ಜರ್ ಕೈಕೊಟ್ಟಾಗ ಒಂದು ರಜಾದಿನ ಭಟ್ಕಳಕ್ಕೆ ಹೋದೆ. ಲ್ಯಾಪ್‌ಟಾಪ್ ಕೊಂಡ ಅಂಗಡಿಯ ಭಾಯಿ ತಾಳ್ಮೆಯ ಮನುಷ್ಯ. ಒಂದು ಕಡೆಯ ಗಿರಾಕಿಗೆ ನವಾಯತಿಯಲ್ಲಿ, ಇನ್ನೊಂದು ಕಡೆಯವನಿಗೆ ಉರ್ದುವಿನಲ್ಲಿ, ನನಗೆ ಕನ್ನಡದಲ್ಲಿ ಒಟ್ಟಿಗೇ ಉತ್ತರ ಕೊಡುತ್ತ ಸ್ಕ್ರೂ ಬಿಚ್ಚುತ್ತಿದ್ದರು. ನಾನು ಚಾರ್ಜರಿನ ಜೊತೆಗೆ ಚಕ್ರದ ವಿಷಯವನ್ನೂ ಹೇಳಿದೆ, ದಿನಕ್ಕೆ ಸರಾಸರಿ ಹದಿಮೂರು ಸಲ ಎಂದು. ಅವರು ಸ್ಕ್ರೂಡ್ರೈವರ್ ಕೆಳಗಿಟ್ಟು ಮೊದಲ ಸಲ ನನ್ನ ಕಡೆ ಪೂರ್ತಿಯಾಗಿ ತಿರುಗಿದರು. ಎಣಿಸಿದ್ರಾ ಎಂದು ಕೇಳಿದರು. ಹೌದು ಎಂದೆ.

"ಬ್ರೌಸರ್ ಅಂದ್ರೆ ಬಸ್‌ಸ್ಟ್ಯಾಂಡ್ ಇದ್ದ ಹಾಗೆ ಬೆಹನ್," ಎಂದರು. "ಎಲ್ಲಾ ಊರಿನ ಬಸ್ಸೂ ಬರ್ತದೆ, ಕೂತು ಊಟ ಮಾಡ್ಲಿಕ್ಕೆ ಆಗೂದಿಲ್ಲ. ಚಾನೆಲಿನವರ ಆ್ಯಪ್ ಹಾಕ್ಕೊಳ್ಳಿ. ಅದು ಮನೆ."

ಕಂಪ್ಯೂಟರಿಗೂ ಆ್ಯಪ್ ಇರುತ್ತದೆ ಎಂಬುದು ನನಗೆ ಗೊತ್ತಿರಲಿಲ್ಲ. ಅದು ಫೋನಿನ ಸೊತ್ತು ಎಂದುಕೊಂಡಿದ್ದೆ. ಆದರೆ ನಾನು ಯಾರ ಮಾತನ್ನೂ ಪುರಾವೆಯಿಲ್ಲದೆ ಒಪ್ಪುವವಳಲ್ಲ. ಇನ್ನೂ ಎರಡು ವಾರ ಬ್ರೌಸರಿನಲ್ಲೇ ಎಣಿಸಿ, ಆಮೇಲೆ ಎರಡು ವಾರ ಆ್ಯಪಿನಲ್ಲಿ ಎಣಿಸಿ, ಹೋಲಿಸಿ ನಿರ್ಧರಿಸುವುದು ಎಂದು ಡೈರಿಯಲ್ಲಿ ಗೆರೆ ಎಳೆದೆ. ಆ ಗೆರೆಯ ನಡುವೆ ದೇವಕ್ಕನ ಹಾಡು ಬಂತು.

ದೇವಕ್ಕ ನಮ್ಮ ನೆರೆಮನೆಯವಳು. ಅವಳೂ ಗಂಗತ್ತೆಯೂ ನಲವತ್ತು ವರ್ಷದಿಂದ ಒಂದೇ ಗದ್ದೆಬಯಲಿನಲ್ಲಿ ನೆಟ್ಟಿ ಮಾಡಿದವರು, ಒಂದೇ ಬುಟ್ಟಿಯಲ್ಲಿ ಹರಿವೆಸೊಪ್ಪು ಸಂತೆಗೆ ಹೊತ್ತವರು, ಮದುವೆಮನೆಗಳಲ್ಲಿ ಒಂದೇ ಚಾಪೆಯ ಮೇಲೆ ಕೂತು ಹಾಡಿದವರು. ನಮ್ಮ ಕಡೆ ಈ ಹಾಡುಗಳನ್ನು ಒಬ್ಬಳೇ ಹಾಡುವ ಪದ್ಧತಿ ಇಲ್ಲ. ಒಬ್ಬಳು ಸಾಲನ್ನು ಎತ್ತುತ್ತಾಳೆ, ಇನ್ನೊಬ್ಬಳು ಅದೇ ಸಾಲನ್ನು ಹಿಡಿಯುತ್ತಾಳೆ. ಎತ್ತುವವಳು ಗಂಗತ್ತೆ, ಹಿಡಿಯುವವಳು ದೇವಕ್ಕ. ದೇವಕ್ಕ ಹಿಡಿದು ಮುಗಿಸುವವರೆಗೆ ಗಂಗತ್ತೆ ಮುಂದಿನ ಸಾಲಿಗೆ ಕೈ ಹಾಕುವುದಿಲ್ಲ. ಹೊರಗಿನವರಿಗೆ ಇದು ಹೇಳಿದ್ದನ್ನೇ ಹೇಳಿದಂತೆ ಕೇಳಬಹುದು. ಆದರೆ ಭಜನೆಯಲ್ಲೂ ಹೀಗೇ ತಾನೇ? ಅಜ್ಜಿ ಕತೆ ಹೇಳುವಾಗ ಮಕ್ಕಳು ಹೂಂಗುಟ್ಟದಿದ್ದರೆ ರಾಜಕುಮಾರ ಕಾಡಿನ ನಡುವೆಯೇ ನಿಂತುಬಿಡುತ್ತಿದ್ದ. ವೇದ ಕಲಿಸುವಾಗ ಗುರು ಒಂದು ಸಲ ಹೇಳಿದ್ದನ್ನು ಶಿಷ್ಯರು ಎರಡು ಸಲ ಹೇಳುತ್ತಾರಂತೆ. ಒಬ್ಬರು ಹೇಳಿದ್ದನ್ನು ಇನ್ನೊಬ್ಬರು ಹೇಳಿದಾಗಲೇ ಅದು ಹೇಳಿದಂತೆ ಎಂದು ನಮ್ಮ ಹಿರಿಯರು ಎಲ್ಲ ಜಾಗಗಳಲ್ಲೂ ನಂಬಿದಂತೆ ಕಾಣುತ್ತದೆ.

ಸುಗ್ಗಿಯ ಕೊಯ್ಲು ಮುಗಿದ ಹೊತ್ತಿನಲ್ಲಿ ನಮ್ಮ ಧಾರಾವಾಹಿಯ ಚಾನೆಲಿನವರೇ ಊರಿಗೆ ಬಂದು ಇಬ್ಬರನ್ನೂ ಗದ್ದೆಯ ಅಂಚಿನಲ್ಲಿ ಕೂರಿಸಿ ಮೂರು ತಾಸು ಹಾಡಿಸಿ ಚಿತ್ರ ತೆಗೆದುಕೊಂಡು ಹೋಗಿದ್ದರು. ಅವರು ಹೋದ ಮೇಲೆ ಗಂಗತ್ತೆ ಅದನ್ನು ಮರೆತಳು. ದೇವಕ್ಕ ಮರೆಯಲಿಲ್ಲ. ಅವಳಿಗೆ ಒಬ್ಬಳೇ ಮಗಳು, ಹೊನ್ನಾವರದ ಹತ್ತಿರ ಮಾವಿನಕುರ್ವೆಗೆ ಕೊಟ್ಟದ್ದು. ಅಲ್ಲಿಯ ಬೀಗಿತ್ತಿ ಬಾಯಿ ಜೋರಿನವಳು. ಕಾಗಾಲದವರಿಗೆ ಎಂತ ಬರ್ತದೆ ಎಂಬುದು ಅವಳ ಹಳೆಯ ಪ್ರಶ್ನೆ. ಹಬ್ಬಕ್ಕೆ ಬಂದರೂ ಕೇಳುತ್ತಾಳೆ, ತೊಟ್ಟಿಲಿಗೆ ಬಂದರೂ ಕೇಳುತ್ತಾಳೆ. ಟಿವಿಯಲ್ಲಿ ಹಾಡು ಬಂದರೆ ಆ ಪ್ರಶ್ನೆಗೆ ಉತ್ತರ ಕೊಟ್ಟಂತಾಗುತ್ತದೆ ಎಂದು ದೇವಕ್ಕ ತಿಂಗಳುಗಟ್ಟಲೆ ಕಾದಿದ್ದಳು.

ಬಂತು. ಗುರುವಾರ ಮಧ್ಯಾಹ್ನ ಯಾರೋ ಫೋನು ಮಾಡಿ ಕಾರ್ಯಕ್ರಮ ಆನ್‌ಲೈನಿನಲ್ಲಿ ಹಾಕಿದ್ದಾರೆ ಎಂದರು. ಸಂಜೆ ನಾನು ಲ್ಯಾಬಿನಿಂದ ಬರುವಷ್ಟರಲ್ಲಿ ದೇವಕ್ಕ ನಮ್ಮ ಜಗಲಿಯಲ್ಲಿ ತಲೆಗೆ ಹೂ ಮುಡಿದು ಕೂತಿದ್ದಳು. ಬ್ರೌಸರು ತೆರೆದೆ. ಗದ್ದೆಯಂಚು ಕಂಡಿತು, ಇಬ್ಬರೂ ಕಂಡರು. ಗಂಗತ್ತೆ ಪರದೆಯ ಮೇಲೆ ಮೊದಲ ಸಾಲು ಎತ್ತಿದಳು: "ಹೊಳೆದಂಡೆ ಗದ್ದೆಗೆ ಬೆಳ್ಳಕ್ಕಿ ಇಳಿದಾವೆ." ಅಷ್ಟರಲ್ಲಿ ಚಕ್ರ ತಿರುಗಿತು.

ನಾನು ನಾಚಿಕೆಯಿಂದ ಪೆನ್ನು ಹಿಡಿದು ಒಂದು ಗೀಟು ಎಳೆದೆ. ಆಗ ನನ್ನ ಬೆನ್ನ ಹಿಂದೆ ದೇವಕ್ಕ ಆ ಸಾಲನ್ನು ಹಿಡಿದಳು. ಬೇಕೆಂದು ಮಾಡಿದ್ದಲ್ಲ. ಗಂಗತ್ತೆ ಎತ್ತಿ ನಿಲ್ಲಿಸಿದರೆ ದೇವಕ್ಕನ ಬಾಯಿ ತಾನಾಗಿ ತೆರೆದುಕೊಳ್ಳುತ್ತದೆ. ಅವಳು ಹಿಡಿದು ಮುಗಿಸುವ ಹೊತ್ತಿಗೆ ಚಿತ್ರ ಮುಂದೆ ಹೋಯಿತು, ಎರಡನೆಯ ಸಾಲು ಬಂತು, ಮತ್ತೆ ನಿಂತಿತು, ದೇವಕ್ಕ ಮತ್ತೆ ಹಿಡಿದಳು. ಪ್ರತಿಸಲವೂ ಸಾಲಿನ ಕೊನೆಗೇ ನಿಲ್ಲುತ್ತಿತ್ತು ಎಂದೇನಲ್ಲ. ಒಮ್ಮೊಮ್ಮೆ ಶಬ್ದದ ನಡುವೆಯೇ ನಿಲ್ಲುತ್ತಿತ್ತು. ದೇವಕ್ಕನಿಗೆ ಅದೇನೂ ತೊಡಕಾಗಲಿಲ್ಲ. ಕೆಮ್ಮು ಬಂತೆಂದು, ಎಲೆಯಡಿಕೆಯ ಕವಳ ಉಗುಳಬೇಕೆಂದು, ಸೊಪ್ಪಿನ ಮಡಿಗೆ ದನ ಬಂತೆಂದು ಹಾಡಿನ ನಡುವೆ ಎಲ್ಲೆಂದರಲ್ಲಿ ನಿಲ್ಲಿಸುವ ಗಂಗತ್ತೆಯ ಜೊತೆ ನಲವತ್ತು ವರ್ಷ ಹಾಡಿದವಳು ಅವಳು. ನಿಂತಲ್ಲಿಂದ ಎತ್ತಿಕೊಂಡು ಸಾಲನ್ನು ತಾನೇ ತುಂಬಿಸಿಬಿಡುತ್ತಿದ್ದಳು. ಇಪ್ಪತ್ತೆರಡು ನಿಮಿಷದ ಕಾರ್ಯಕ್ರಮ. ನನ್ನ ಗೀಟುಗಳು ಮೂವತ್ತನಾಲ್ಕು. ಅದುವರೆಗಿನ ಅತಿ ಕೆಟ್ಟ ದಾಖಲೆ.

ಮುಗಿದ ಮೇಲೆ ನಾನು ಎಲ್ಲರ ಪರವಾಗಿ ಬೇಸರ ಮಾಡಿಕೊಳ್ಳಲು ಸಿದ್ಧಳಾಗಿದ್ದೆ. ದೇವಕ್ಕನ ಮುಖ ಅರಳಿತ್ತು.

"ಚಲೋ ತೆಗ್ದಾರೆ," ಎಂದಳು. "ಹಿಡೂಕೆ ಬರಾಬರಿ ಜಾಗ ಬಿಟ್ಟಾರೆ ನೋಡು."

ಚಾನೆಲಿನವರು ಹಾಡು ಬಲ್ಲವರು ಎಂಬ ತೀರ್ಮಾನಕ್ಕೆ ಅವಳು ಬಂದಳು. ನೋಡುವವರು ಸುಮ್ಮನೆ ಕೂತಿರಬಾರದು ಎಂದೇ ಅವರು ಅಲ್ಲಲ್ಲಿ ನಿಲ್ಲಿಸುತ್ತಾರೆ, ಚಕ್ರ ತೋರಿಸಿ ಈಗ ನೀವು ಹಿಡಿಯಿರಿ ಎನ್ನುತ್ತಾರೆ ಎಂದು ಗಂಗತ್ತೆಗೂ ವಿವರಿಸಿದಳು. ಗಂಗತ್ತೆ ಒಪ್ಪಿದಳು. ಹಾಡುವವರ ಊರಲ್ಲದೆ ಬೇರೆಲ್ಲೂ ಆ ಚಕ್ರಕ್ಕೆ ಇಂಥ ಅರ್ಥ ಹುಟ್ಟಲಿಕ್ಕಿಲ್ಲ. ನಾನು ತಿದ್ದಬಹುದಿತ್ತು. ಅವರ ಸಂತೋಷ ನೋಡಿ ಬಾಯಿ ಬರಲಿಲ್ಲ. ಅಲ್ಲಿಗೆ ಸುಮ್ಮನಿದ್ದಿದ್ದರೆ ಚೆನ್ನಾಗಿತ್ತು. ದೇವಕ್ಕ ಅವತ್ತೇ ಮಾವಿನಕುರ್ವೆಗೆ ಫೋನು ಮಾಡಿ ಭಾನುವಾರ ಬೀಗಿತ್ತಿಯನ್ನೂ ಮಗಳನ್ನೂ ಕರೆದಳು, ನಮ್ಮ ಮನೆಗೆ, ಹಾಡು ನೋಡಲಿಕ್ಕೆ.

ಬೀಗಿತ್ತಿಯ ಎದುರು ಮೂವತ್ತನಾಲ್ಕು ಗೀಟೇ? ನನ್ನ ಮನಸ್ಸು ಒಪ್ಪಲಿಲ್ಲ. ಎರಡು ವಾರದ ಪ್ರಯೋಗವನ್ನು ಅರ್ಧಕ್ಕೇ ಕೈಬಿಟ್ಟೆ. ಇದು ನನ್ನ ಇತಿಹಾಸದಲ್ಲಿ ಮೊದಲನೆಯದು. ಶನಿವಾರ ಸಂಜೆ ಚಾನೆಲಿನ ಆ್ಯಪ್ ಹಾಕಿದೆ.

ಭಾಯಿ ಹೇಳಿದ್ದು ನಿಜ. ಅದು ಮನೆಯೇ. ಒಮ್ಮೆ ಪಾಸ್‌ವರ್ಡ್ ಕೊಟ್ಟರೆ ಮತ್ತೆ ನೀನು ಯಾರು ಎಂದು ಕೇಳುವುದಿಲ್ಲ. ಟ್ಯಾಬುಗಳ ಸಂತೆ ಇಲ್ಲ. ಮೂಲೆಯಲ್ಲಿ ಯೂರಿಕ್ ಆಮ್ಲ ಇಣುಕುವುದಿಲ್ಲ. ಎಲ್ಲಿಗೆ ಬಿಟ್ಟಿದ್ದೆವು ಎಂಬುದನ್ನು ಅದೇ ನೆನಪಿಟ್ಟುಕೊಂಡು ಅಲ್ಲಿಂದಲೇ ತೆರೆಯುತ್ತದೆ. ನಮ್ಮ ಹಳೆಯ ಲ್ಯಾಪ್‌ಟಾಪಿನ ಫ್ಯಾನು ಬ್ರೌಸರಿನಲ್ಲಿ ಅಕ್ಕಿ ಗಿರಣಿಯಂತೆ ಕೂಗುತ್ತಿತ್ತು, ಇಲ್ಲಿ ಉಸಿರೇ ಕೇಳುವುದಿಲ್ಲ. ಚಿತ್ರವೂ ಹೆಚ್ಚು ಸ್ಪಷ್ಟ. ಗದ್ದೆಯಂಚಿನ ಗರಿಕೆಯ ಎಸಳುಗಳನ್ನು ಎಣಿಸಬಹುದಿತ್ತು. ನಾನು ಸ್ವಲ್ಪ ಎಣಿಸಿದೆ ಕೂಡ. ಎಲ್ಲಕ್ಕಿಂತ ದೊಡ್ಡ ಸೌಕರ್ಯ ಇನ್ನೊಂದು. ಇಡೀ ಕಾರ್ಯಕ್ರಮವನ್ನು ಮೊದಲೇ ಇಳಿಸಿ ಆ್ಯಪಿನೊಳಗೇ ಇಟ್ಟುಕೊಳ್ಳಬಹುದು. ಆಮೇಲೆ ನೆಟ್‌ವರ್ಕ್ ಅಘನಾಶಿನಿ ಹೊಳೆಯಲ್ಲಿ ಮುಳುಗಿ ಹೋದರೂ ಹಾಡು ನಿಲ್ಲುವುದಿಲ್ಲ. ಇಳಿಸಿದೆ. ಮೊದಲಿಂದ ಕೊನೆಯವರೆಗೆ ಓಡಿಸಿ ಪರೀಕ್ಷಿಸಿದೆ. ಗೀಟು ಒಂದೂ ಇಲ್ಲ. ಅತ್ತೆಗೆ ನಾಳೆ ಅಚ್ಚರಿಯಾಗಲಿ ಎಂದು ದನಿಯನ್ನು ಪೂರ್ತಿ ತೆಗೆದು ಪರೀಕ್ಷಿಸಿದೆ ಎಂಬುದನ್ನು ಮಾತ್ರ ಇಲ್ಲಿ ಹೇಳಬೇಕು. ಲ್ಯಾಬಿನಲ್ಲಿ ಹೀಗೆ ಮಾಡಿದ್ದರೆ ನನ್ನನ್ನು ಮನೆಗೆ ಕಳಿಸುತ್ತಿದ್ದರು.

ಭಾನುವಾರ ಬೆಳಿಗ್ಗೆ ಹನ್ನೊಂದು ಗಂಟೆಗೆ ಬೀಗಿತ್ತಿ ಬಂದಳು, ಜೊತೆಗೆ ದೇವಕ್ಕನ ಮಗಳು. ಎಲ್ಲರೂ ಚಾಪೆಯ ಮೇಲೆ ಕೂತರು. ಲ್ಯಾಪ್‌ಟಾಪನ್ನು ಮಣೆಗಳ ಮೇಲೆ ಎತ್ತರಿಸಿ ಇಟ್ಟೆ. ಗಂಗತ್ತೆ ಒಂದು ಪಕ್ಕ, ದೇವಕ್ಕ ಇನ್ನೊಂದು ಪಕ್ಕ, ನಡುವೆ ಬೀಗಿತ್ತಿ. ದೇವಕ್ಕ ಗಂಟಲು ಸರಿಮಾಡಿಕೊಂಡಳು.

ಪರದೆಯ ಮೇಲೆ ಗಂಗತ್ತೆ ಬೆಳ್ಳಕ್ಕಿಯ ಸಾಲು ಎತ್ತಿದಳು. ದೇವಕ್ಕ ಹಿಡಿಯಲು ಬಾಯಿ ತೆರೆದಳು. ಅಷ್ಟರಲ್ಲಿ ಎರಡನೆಯ ಸಾಲು ಬಂದಿತ್ತು. ಅವಳು ಅದನ್ನು ಬಿಟ್ಟು ಇದಕ್ಕೆ ಬಂದಳು, ಮೂರನೆಯದು ಬಂತು. ನೀರು ಸರಾಗವಾಗಿ ಹರಿದಂತೆ ಹಾಡು ಹರಿಯಿತು, ಗಂಗತ್ತೆಯ ದನಿ, ಗಂಗತ್ತೆಯ ದನಿ, ಮತ್ತೆ ಗಂಗತ್ತೆಯ ದನಿ. ಪರದೆಯಲ್ಲಿ ಅವಳ ಪಕ್ಕ ಕೂತ ದೇವಕ್ಕನ ತುಟಿ ಆಗಾಗ ಒಂದಿಷ್ಟು ಅಲುಗುವುದು ಕಾಣುತ್ತಿತ್ತು, ಕೂಡಲೇ ಚಿತ್ರ ಬದಲಾಗಿ ಹೊಳೆಯೋ ತೆಂಗಿನಮರವೋ ಬರುತ್ತಿತ್ತು. ನನಗೆ ಆಗ ಅರ್ಥವಾಯಿತು. ಚಿತ್ರವನ್ನು ಜೋಡಿಸಿದವರು ಯಾರೋ, ಒಂದೇ ಸಾಲು ಎರಡೆರಡು ಸಲ ಯಾಕೆ ಎಂದು ಎರಡನೆಯದನ್ನೆಲ್ಲ ಕತ್ತರಿಸಿದ್ದರು. ಮೂರು ತಾಸು ಹಾಡಿದ ದೇವಕ್ಕನ ದನಿ ಇಡೀ ಕಾರ್ಯಕ್ರಮದಲ್ಲಿ ಎಲ್ಲೂ ಇರಲಿಲ್ಲ. ಗುರುವಾರ ಅದು ಯಾರಿಗೂ ಗೊತ್ತಾಗದಿದ್ದುದು ಆ ಮೂವತ್ತನಾಲ್ಕು ಗೀಟುಗಳಿಂದ. ನಾನು ಕೆಟ್ಟದ್ದೆಂದು ಎಣಿಸಿಟ್ಟ ಅಷ್ಟೂ ಜಾಗಗಳಲ್ಲಿ ಅವಳು ಕೂತಿದ್ದಳು. ಅವನ್ನು ನಾನು ಶನಿವಾರ ಕೂತು ಒಂದೂ ಬಿಡದಂತೆ ಅಳಿಸಿದ್ದೆ.

ಬೀಗಿತ್ತಿ ಮೂರು ಹಾಡು ತಾಳ್ಮೆಯಿಂದ ನೋಡಿದಳು. ಆಮೇಲೆ ದೇವಕ್ಕನ ಕಡೆ ವಾಲಿ ಕೇಳಿದಳು, "ಅಲ್ಲ ಬೀಗಿತ್ತಿ, ನಿನ್ನ ಬಾಯಿ ಆಡ್ತದೆ, ದನಿ ಎಲ್ಲದೆ?"

ದೇವಕ್ಕ ಚಹಾ ಉಕ್ಕಿತೇನೋ ನೋಡ್ತೆ ಎಂದು ಎದ್ದು ಒಳಗೆ ಹೋದಳು. ಚಹಾ ಇನ್ನೂ ಇಟ್ಟೇ ಇರಲಿಲ್ಲ ಎಂಬುದು ಅಮ್ಮನಿಗೂ ನನಗೂ ಗೊತ್ತಿತ್ತು.

ಗಂಗತ್ತೆಯ ಮುಖ ನೋಡಿದೆ. ಟಿವಿಯಲ್ಲಿ ತನ್ನ ದನಿ ಮಾತ್ರ ಕೇಳಿದ ಯಾರಿಗಾದರೂ ಒಳಗೊಳಗೆ ಖುಷಿಯಾಗಬಹುದು. ಅವಳ ಮುಖ ಪಂಕ್ತಿಯಲ್ಲಿ ಒಬ್ಬಳೇ ಎರಡು ಎಲೆಯ ಊಟ ಉಂಡವಳಂತೆ ಆಗಿತ್ತು. "ಒಬ್ಳೇ ಹಾಡ್ದಂಗೆ ಮಾಡಾರಲ್ಲೆ," ಎಂದಳು ಮೆಲ್ಲಗೆ. "ಇನ್ನು ಅವ್ಳ ಮನೆ ಮೆಟ್ಟಿಲು ಹೆಂಗೆ ಹತ್ತೂದು. ತಂಗಿ, ಮೊನ್ನೆ ಹಾಕಿದ್ಯಲ್ಲ, ಅದನ್ನೇ ಹಾಕು."

ಮೊನ್ನೆಯದನ್ನು ಹಾಕುವುದೆಂದರೆ ಬ್ರೌಸರು. ನಾನು ಆ್ಯಪು ಮುಚ್ಚಿ ಬ್ರೌಸರು ತೆರೆದೆ. ಜೀವಮಾನದಲ್ಲಿ ಮೊದಲ ಬಾರಿಗೆ ಚಿತ್ರ ನಿಲ್ಲಲಿ ಎಂದು ಬೇಡಿಕೊಂಡೆ. ಆ ಭಾನುವಾರ ಕಾಗಾಲದಲ್ಲಿ ನೆಟ್‌ವರ್ಕ್ ಎಷ್ಟು ಚೆನ್ನಾಗಿತ್ತೆಂದರೆ ಅಂಥ ನೆಟ್‌ವರ್ಕ್ ಅದಕ್ಕೆ ಮೊದಲೂ ಇಲ್ಲ, ಆಮೇಲೂ ಇಲ್ಲ. ಚಕ್ರ ಒಮ್ಮೆಯೂ ತಿರುಗಲಿಲ್ಲ. ಹಾಗಾದರೆ ನಾನೇ ನಿಲ್ಲಿಸುತ್ತೇನೆ ಎಂದು ಕೀಲಿಮಣೆಯ ಉದ್ದದ ಕೀಲಿ ಒತ್ತಿದೆ. ಚಿತ್ರ ನಿಲ್ಲುವ ಬದಲು ಇಡೀ ಪುಟ ಮೇಲಕ್ಕೆ ಸರಿದು ಗಂಗತ್ತೆ ಮಾಯವಾದಳು, ಕೆಳಗಿನಿಂದ ಬೋರ್‌ವೆಲ್ಲಿನ ಜಾಹೀರಾತು ಎದ್ದು ಬಂತು. ಗಂಗತ್ತೆಯ ದನಿ ಮಾತ್ರ ಬೋರ್‌ವೆಲ್ಲಿನ ಒಳಗಿನಿಂದ ಹಾಡುತ್ತಲೇ ಇತ್ತು. ಬೀಗಿತ್ತಿ ಇದೂ ನಿಮ್ಮೂರ ಹಾಡೋ ಎಂದು ಕೇಳಿದಳು. ಆಡು ತನ್ನ ಧರ್ಮ ಬಿಡಲಿಲ್ಲ.

ಮತ್ತೆ ಆ್ಯಪು ತೆರೆದೆ. ಬಿಟ್ಟಲ್ಲಿಂದಲೇ ತೆರೆದುಕೊಂಡಿತು. ಎಡಬಾಣದ ಕೀಲಿ ಒತ್ತುತ್ತ ಒತ್ತುತ್ತ ಹಿಂದೆ ಹಿಂದೆ ಬಂದು ಬೆಳ್ಳಕ್ಕಿಯ ಹಾಡಿನ ಮೊದಲಿಗೆ ನಿಂತೆ. ಹಾಡು ಓಡಲು ಬಿಟ್ಟೆ. ಗಂಗತ್ತೆ ಸಾಲು ಎತ್ತಿದಳು, "ಹೊಳೆದಂಡೆ ಗದ್ದೆಗೆ ಬೆಳ್ಳಕ್ಕಿ ಇಳಿದಾವೆ." ಕೊನೆಯ ಅಕ್ಷರ ಮುಗಿಯುವ ಕ್ಷಣಕ್ಕೆ ಉದ್ದ ಕೀಲಿ ಒತ್ತಿದೆ.

ಚಿತ್ರ ಅಲ್ಲೇ ನಿಂತಿತು. ಚಕ್ರವಿಲ್ಲ, ಜಾಹೀರಾತಿಲ್ಲ. ಪರದೆಯ ಮೇಲೆ ಗಂಗತ್ತೆ ಬಾಯಿ ಅರ್ಧ ತೆರೆದು, ಕಣ್ಣು ಪಕ್ಕಕ್ಕೆ ತಿರುಗಿಸಿ ಕಾಯುತ್ತಿದ್ದಳು. ಚಾಪೆಯ ಮೇಲಿನ ಗಂಗತ್ತೆಯೂ ಅಡುಗೆಮನೆಯ ಬಾಗಿಲ ಕಡೆ ಕಣ್ಣು ತಿರುಗಿಸಿ ಕಾಯುತ್ತಿದ್ದಳು. ಎತ್ತಿದ ಸಾಲು ಮನೆಯ ನಡುವೆ ಹಾಗೇ ತೂಗಿಕೊಂಡಿತ್ತು. ನಾನು ಮನಸ್ಸಿನಲ್ಲಿ ಎಣಿಸಿದೆ. ಒಂಬತ್ತು ಎಣಿಸುವಾಗ ಒಳಗಿನಿಂದ, ಪಾತ್ರೆಗಳ ಕಡೆಯಿಂದ, ದೇವಕ್ಕನ ದನಿ ಬಂತು. ಮೊದಲು ಸಣ್ಣಗೆ, ಆಮೇಲೆ ಸರಿಯಾಗಿ. ನಲವತ್ತು ವರ್ಷದ ಅಭ್ಯಾಸಕ್ಕೆ ಬೇಸರ ಮಾಡಿಕೊಂಡು ಕೂರಲು ಬಂದೀತೇ?

ಅವಳು ಹಿಡಿದು ಮುಗಿಸಿದಳು. ಕೀಲಿ ಒತ್ತಿದೆ. ಪರದೆಯ ಗಂಗತ್ತೆ, ಇಷ್ಟು ಹೊತ್ತು ಇದಕ್ಕಾಗಿಯೇ ಕಾದಿದ್ದವಳಂತೆ, ಎರಡನೆಯ ಸಾಲು ಎತ್ತಿದಳು. ನಿಲ್ಲಿಸಿದೆ. ಈ ಸಲ ದೇವಕ್ಕ ಬಾಗಿಲಿಗೆ ಬಂದು ಹಿಡಿದಳು. ನಾಲ್ಕನೆಯ ಸಾಲಿಗೆ ಚಾಪೆಯ ಅಂಚಿಗೆ ಬಂದಿದ್ದಳು. ಹಾಡು ಮುಗಿಯುವಷ್ಟರಲ್ಲಿ ತನ್ನ ಜಾಗದಲ್ಲಿ ಕೂತಿದ್ದಳು, ಪರದೆಯಲ್ಲಿ ಕೂತಂತೆಯೇ, ಬಲಮೊಣಕಾಲು ಮಡಚಿ. ನಾನು ಕೀಲಿಯಿಂದ ಕಣ್ಣು ತೆಗೆಯದೆ ಒತ್ತುತ್ತ ಬಿಡುತ್ತ ಹೋದೆ. ಒಂದೆರಡು ಸಲ ತಡವಾಗಿ ಮುಂದಿನ ಸಾಲಿನ ತುದಿ ಬಂದುಬಿಟ್ಟಿತು. ಆಗ ಗಂಗತ್ತೆ ನನ್ನ ತೊಡೆಗೆ ಚಿವುಟಿದಳು. ತಾಳ ತಪ್ಪಿದವರಿಗೆ ಅವಳು ಮೊದಲಿಂದಲೂ ಹಾಗೆಯೇ ಮಾಡುವುದು.

ಮೂರನೆಯ ಹಾಡಿನಲ್ಲಿ ಇನ್ನೊಂದು ದನಿ ಸೇರಿಕೊಂಡಂತೆ ಕೇಳಿತು. ಬೀಗಿತ್ತಿ. ಅವಳು ಮುಖ ಮಾತ್ರ ಕಿಟಕಿಯ ಕಡೆ ಇಟ್ಟುಕೊಂಡಿದ್ದಳು, ಹಾಡುತ್ತಿರುವುದು ತಾನಲ್ಲ ಎಂಬಂತೆ. ಕುರ್ವೆಯಲ್ಲೂ ಈ ಹಾಡು ಇದೆಯಂತೆ. ಅವಳ ಅಮ್ಮ ಎತ್ತುವವಳು, ಇವಳು ಹಿಡಿಯುವವಳು. ಅಮ್ಮ ಹೋದ ಮೇಲೆ ಎತ್ತುವವರಿಲ್ಲದೆ ಹಿಡಿಯುವುದನ್ನೂ ಬಿಟ್ಟಿದ್ದಳಂತೆ. ಇದೆಲ್ಲ ಆಮೇಲೆ, ನಿಜವಾಗಿ ಚಹಾ ಇಟ್ಟ ಮೇಲೆ, ಅವಳೇ ಹೇಳಿದ್ದು. ಕಾಗಾಲದವರಿಗೆ ಎಂತ ಬರ್ತದೆ ಎಂಬ ಪ್ರಶ್ನೆಯನ್ನು ಅವಳು ಅವತ್ತು ಕೇಳಲಿಲ್ಲ. ಇನ್ನು ಕೇಳುವುದೇ ಇಲ್ಲ ಎಂದು ನಾನು ಹೇಳಲಾರೆ. ಕೇಳಿದರೆ ತಾರೀಕು ಹಾಕಿ ಬರೆದಿಡುತ್ತೇನೆ.

ಇಪ್ಪತ್ತೆರಡು ನಿಮಿಷದ ಕಾರ್ಯಕ್ರಮ ಮುಗಿಯಲು ಒಂದು ಗಂಟೆ ಹತ್ತು ನಿಮಿಷ ಹಿಡಿಯಿತು. ಹೊರಡುವಾಗ ದೇವಕ್ಕ ಲ್ಯಾಪ್‌ಟಾಪಿನ ಬೆನ್ನನ್ನು ಒಮ್ಮೆ ಸವರಿದಳು, ಹಾಲು ಕೊಟ್ಟ ಹಸುವಿನ ಬೆನ್ನು ಸವರುವಂತೆ.

"ಭಟ್ಕಳದವ್ರಿಗೆ ಹೇಳು ತಂಗಿ," ಎಂದಳು. "ಮೊನ್ನೇದು ತನಗೆ ತಿಳ್ದಲ್ಲಿ ನಿಂತಿತ್ತು. ಇದು ನಿಲ್ಲು ಅಂದಲ್ಲಿ ನಿಂತದೆ."

ಚಾನೆಲಿನವರು ಜಾಗ ಬಿಟ್ಟಿರಲಿಲ್ಲ ಎಂಬುದು ಅವಳಿಗೂ ಗೊತ್ತಾಗಿತ್ತು ಎಂದು ನನಗೆ ಆಗ ತಿಳಿಯಿತು. ಅವಳು ಆ ವಿಷಯ ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಜಾಗ ಯಾರು ಬಿಟ್ಟರೇನು, ಹಿಡಿಯಲು ಸಿಕ್ಕಿತಲ್ಲ.

ಭಾಯಿಯವರಿಗೆ ಮುಂದಿನ ಸಲ ಹೋದಾಗ ಹೇಳಿದೆ. ಆ್ಯಪಿನ ಇಷ್ಟೆಲ್ಲ ಅನುಕೂಲಗಳಲ್ಲಿ ನಿಮ್ಮ ಮನೆಯವರಿಗೆ ಯಾವುದು ಹೆಚ್ಚು ಹಿಡಿಸಿತು ಎಂದು ಅವರು ಕೇಳಿದರು. ಬೇಕಾದಲ್ಲಿ ನಿಲ್ಲುವುದು ಎಂದೆ. ಅವರು, ಜನ ನಿಲ್ಲಬಾರದು ಅಂತ ಆ್ಯಪ್ ಹಾಕ್ತಾರೆ ಬೆಹನ್, ನೀವು ನಿಲ್ಲಿಸ್ಲಿಕ್ಕೆ ಹಾಕಿದ್ದೀರಿ ಎಂದು ನಕ್ಕರು. ಈಗ ನಮ್ಮಲ್ಲಿ ಧಾರಾವಾಹಿಯೂ ಹೀಗೇ ಸಾಗುತ್ತದೆ. ಅತ್ತೆ ಸೊಸೆಗೆ ಒಂದು ಮಾತು ಹೇಳಿದರೆ ಗಂಗತ್ತೆ ನಿಲ್ಸೆ ಎನ್ನುತ್ತಾಳೆ. ನಿಲ್ಲಿಸಿದ ಮೇಲೆ ಸೊಸೆ ಏನು ಹೇಳಬೇಕಿತ್ತು ಎಂಬುದನ್ನು ಅಮ್ಮ, ದೇವಕ್ಕ, ಗಂಗತ್ತೆ ಮೂವರೂ ಹೇಳಿ ಮುಗಿಸುತ್ತಾರೆ. ಆಮೇಲೆ ಸೊಸೆಯ ಸರದಿ. ಸಾಮಾನ್ಯವಾಗಿ ಅವಳದ್ದು ಸಪ್ಪೆಯಾಗಿರುತ್ತದೆ.

ಡೈರಿಯಲ್ಲಿ ಆ ಭಾನುವಾರದ ಪುಟದಲ್ಲಿ ಮೊದಲು ಎಂದಿನಂತೆ ಒಂದೇ ಕಾಲಮ್ಮು ಇತ್ತು, ನಿಂತದ್ದು ಎಂದು. ಅದರ ಪಕ್ಕ ಗೆರೆ ಎಳೆದು ಇನ್ನೊಂದು ಮಾಡಿದೆ, ನಿಲ್ಲಿಸಿದ್ದು ಎಂದು. ಮೊದಲನೆಯದರಲ್ಲಿ ಸೊನ್ನೆ ಬರೆದೆ. ಎರಡನೆಯದರಲ್ಲಿ ಬರೆಯಲು ಹೋದಾಗ ಗೊತ್ತಾಯಿತು, ನಾನು ಎಣಿಸಿಯೇ ಇರಲಿಲ್ಲ. ಬೆರಳು ಕೀಲಿಯ ಮೇಲಿತ್ತು, ಪೆನ್ನು ಎಲ್ಲೋ ಚಾಪೆಯ ಕೆಳಗೆ ಸೇರಿತ್ತು. ನನಗೆ ಹಾಡಲು ಬರುವುದಿಲ್ಲ, ಊರಿಗೆಲ್ಲ ಗೊತ್ತಿರುವ ವಿಷಯ. ಆದರೂ ಎತ್ತುವವಳಿಗೂ ಹಿಡಿಯುವವಳಿಗೂ ನಡುವೆ ಒಂದು ಸುಮ್ಮನಿರುವ ಜಾಗ ಇರುತ್ತದಲ್ಲ, ಅವತ್ತು ಅದು ನನ್ನ ಪಾಲಿಗೆ ಬಂದಿತ್ತು. ಆ ಕಾಲಮ್ಮನ್ನು ಖಾಲಿ ಬಿಟ್ಟಿದ್ದೇನೆ.